58ನೇ ವಯಸ್ಸಿನ ಲೆಕ್ಕ: ಬೆಂಗಳೂರಿನ ಗಾರ್ಮೆಂಟ್ಸ್ ಮಹಿಳೆಯರು ಮತ್ತು 2016ರ ಪಿ.ಎಫ್. ಹೋರಾಟ

2016ರ ಏಪ್ರಿಲ್ 18ರ ಸೋಮವಾರ ಬೆಳಿಗ್ಗೆ ಬೆಂಗಳೂರಿನ ಹೊಸೂರು ರಸ್ತೆಯ ಬೊಮ್ಮನಹಳ್ಳಿಯಲ್ಲಿ ಸಿದ್ಧ ಉಡುಪು ಕಾರ್ಖಾನೆಗಳ ಮಹಿಳೆಯರು ಕೆಲಸ ಬಿಟ್ಟು ರಸ್ತೆಗಿಳಿದರು. ಯಾವ ಕಾರ್ಮಿಕ ಸಂಘವೂ ಅವರಿಗೆ ಕರೆ ಕೊಟ್ಟಿರಲಿಲ್ಲ, ಬೇಡಿಕೆಯ ಪಟ್ಟಿಯನ್ನು ಯಾರೂ ಅಚ್ಚು ಹಾಕಿಸಿರಲಿಲ್ಲ. ಕೇಳಿದವರಿಗೆಲ್ಲ ಅವರು ಹೇಳಿದ್ದು ಒಂದೇ ಮಾತು: ನಮ್ಮ ಪಿ.ಎಫ್. ದುಡ್ಡು ನಮಗೆ ಬೇಕು. ಮರುದಿನದ ಹೊತ್ತಿಗೆ ಪೀಣ್ಯ, ಜಾಲಹಳ್ಳಿ ಕ್ರಾಸ್, ತುಮಕೂರು ರಸ್ತೆ ಮತ್ತು ಎಲೆಕ್ಟ್ರಾನಿಕ್ ಸಿಟಿಯ ಆಚೆಯ ಹೆಬ್ಬಗೋಡಿಯವರೆಗೆ ಹರಡಿದ ಈ ಪ್ರತಿಭಟನೆಯಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಮಂದಿ ಇದ್ದರೆಂದು ಪತ್ರಿಕೆಗಳು ಅಂದಾಜಿಸಿದವು. ಏಪ್ರಿಲ್ 19ರಂದೇ ಕೇಂದ್ರ ಕಾರ್ಮಿಕ ಸಚಿವ ಬಂಡಾರು ದತ್ತಾತ್ರೇಯ ಅವರು, ಪಿ.ಎಫ್. ಅಂದರೆ ಭವಿಷ್ಯ ನಿಧಿಯ ಹಣ ಹಿಂಪಡೆಯುವುದಕ್ಕೆ ಮಿತಿ ಹೇರಿದ್ದ ವಿವಾದಿತ ಅಧಿಸೂಚನೆಯನ್ನು ಮೊದಲು ಜುಲೈ 31ರವರೆಗೆ ತಡೆಹಿಡಿಯುವುದಾಗಿ, ಕೆಲವೇ ಗಂಟೆಗಳ ನಂತರ ಸಂಪೂರ್ಣವಾಗಿ ರದ್ದುಪಡಿಸಿರುವುದಾಗಿ ಪ್ರಕಟಿಸಿದರು.

ಎರಡು ದಿನದಲ್ಲಿ ಮುಗಿದ ಈ ಘಟನೆಯನ್ನು ಸಂಚಾರ ಅಸ್ತವ್ಯಸ್ತವಾದ ಸುದ್ದಿಯಾಗಿಯೋ, ಬಸ್ಸುಗಳಿಗೆ ಬೆಂಕಿ ಬಿದ್ದ ಸುದ್ದಿಯಾಗಿಯೋ ನೆನಪಿಟ್ಟುಕೊಂಡವರೇ ಹೆಚ್ಚು. ಆದರೆ ಭಾರತದ ಕೈಗಾರಿಕೆಯಲ್ಲಿ ಮಹಿಳೆಯರ ದುಡಿಮೆಗೆ ಇರುವ ಒಂದು ಹಳೆಯ ತೊಡಕು ಇಷ್ಟು ಸ್ಪಷ್ಟವಾಗಿ ಬಯಲಾದ ಸಂದರ್ಭಗಳು ವಿರಳ. ಆ ತೊಡಕನ್ನು ಹೀಗೆ ಹೇಳಬಹುದು: ಕಾರ್ಮಿಕ ಕಾನೂನು ಒಬ್ಬ ದುಡಿಮೆಗಾರನ ಬದುಕನ್ನು ಒಂದು ಕಾಲಮಾನದಲ್ಲಿ ಅಳೆಯುತ್ತದೆ, ಹೊಲಿಗೆ ಯಂತ್ರದ ಮುಂದೆ ಕುಳಿತ ಹೆಣ್ಣುಮಗಳ ಬದುಕು ಸಾಗುವುದು ಬೇರೆ ಕಾಲಮಾನದಲ್ಲಿ. ಈ ಬರಹದ ಉದ್ದೇಶ ಆ ಎರಡು ಕಾಲಮಾನಗಳು ಎದುರುಬದುರಾದದ್ದು ಹೇಗೆ ಎಂಬುದನ್ನು ಒಂದೊಂದಾಗಿ ಬಿಡಿಸಿ ನೋಡುವುದು.

ಅಧಿಸೂಚನೆ ಹೇಳಿದ್ದೇನು

1952ರ ನೌಕರರ ಭವಿಷ್ಯ ನಿಧಿ ಕಾಯ್ದೆ ಜಾರಿಗೆ ಬಂದಾಗ ಅದು ಅನ್ವಯವಾದದ್ದು ಆರು ಕೈಗಾರಿಕೆಗಳಿಗೆ: ಸಿಮೆಂಟ್, ಸಿಗರೇಟ್, ಎಂಜಿನಿಯರಿಂಗ್, ಕಬ್ಬಿಣ ಮತ್ತು ಉಕ್ಕು, ಕಾಗದ, ಜವಳಿ. ಈ ಪಟ್ಟಿಯನ್ನು ಓದಿದರೆ ಕಾನೂನು ಮಾಡಿದವರ ಕಣ್ಣಮುಂದಿದ್ದ ಕಾರ್ಮಿಕ ಯಾರೆಂಬುದು ತಿಳಿಯುತ್ತದೆ. ಇಪ್ಪತ್ತರ ಆಸುಪಾಸಿನಲ್ಲಿ ಗಿರಣಿಗೋ ಉಕ್ಕಿನ ಕಾರ್ಖಾನೆಗೋ ಸೇರಿ, ಅಲ್ಲಿಯೇ ತಲೆ ನರೆತು, ನಿವೃತ್ತಿಯ ದಿನ ಒಂದು ಮೊತ್ತವನ್ನು ಕೈಯಲ್ಲಿ ಹಿಡಿದು ಮನೆಗೆ ಹೋಗುವ ಗಂಡಾಳು ಆತ. ಅವನ ಮುಪ್ಪಿಗೆ ಆಸರೆಯಾಗಲಿ ಎಂಬ ಆಶಯ ಒಳ್ಳೆಯದೇ, ಅದರಲ್ಲಿ ಯಾವ ತಕರಾರೂ ಇಲ್ಲ.

ನಿಧಿಯ ಲೆಕ್ಕ ಸರಳ. ನೌಕರರ ಮೂಲವೇತನ ಮತ್ತು ತುಟ್ಟಿಭತ್ಯೆಯ ಶೇ 12ರಷ್ಟು ಅವರ ಸಂಬಳದಿಂದ ಕಡಿತವಾಗುತ್ತದೆ, ಮಾಲೀಕರೂ ಅಷ್ಟೇ ಮೊತ್ತವನ್ನು ಸೇರಿಸುತ್ತಾರೆ. ಮಾಲೀಕರ ಶೇ 12ರಲ್ಲಿ ಶೇ 8.33 ಪಿಂಚಣಿ ಯೋಜನೆಗೆ ಹೋಗುತ್ತದೆ, ಉಳಿದ ಶೇ 3.67 ಭವಿಷ್ಯ ನಿಧಿಯ ಖಾತೆಗೆ ಜಮೆಯಾಗುತ್ತದೆ. ಕೆಲಸ ಬಿಟ್ಟು ಎರಡು ತಿಂಗಳವರೆಗೆ ಬೇರೆಡೆ ಸೇರದಿದ್ದರೆ ತನ್ನ ಪಾಲು, ಮಾಲೀಕರ ಪಾಲು, ಎರಡರ ಮೇಲಿನ ಬಡ್ಡಿ ಎಲ್ಲವನ್ನೂ ಹಿಂಪಡೆಯಬಹುದಿತ್ತು. ಹತ್ತು ವರ್ಷ ಸೇವೆ ತುಂಬದವರು ಪಿಂಚಣಿ ನಿಧಿಯಿಂದಲೂ ಒಂದು ಮೊತ್ತವನ್ನು ಪಡೆಯಬಹುದಿತ್ತು. ಗಾರ್ಮೆಂಟ್ಸ್ ಮಹಿಳೆಯರ ಬಾಯಲ್ಲಿ ‘ಫಾರಂ 19, 10ಸಿ’ ಎಂದು ಒಟ್ಟಿಗೇ ಬರುತ್ತಿದ್ದ ಎರಡು ಅರ್ಜಿಗಳು ಇವಕ್ಕೆ ಸಂಬಂಧಿಸಿದವು.

2016ರ ಫೆಬ್ರುವರಿ 10ರ ಅಧಿಸೂಚನೆ ಈ ವ್ಯವಸ್ಥೆಯನ್ನು ಬದಲಿಸಿತು. ಕೆಲಸ ಬಿಟ್ಟವರು ಇನ್ನು ಮುಂದೆ ತಮ್ಮ ಸ್ವಂತ ಪಾಲು ಮತ್ತು ಅದರ ಬಡ್ಡಿಯನ್ನು ಮಾತ್ರ ಪಡೆಯಬಹುದು, ಮಾಲೀಕರ ಪಾಲು ಖಾತೆಯಲ್ಲೇ ಉಳಿಯಬೇಕು ಎಂದಿತು. ಪೂರ್ಣ ಮೊತ್ತ ಪಡೆಯುವ ನಿವೃತ್ತಿ ವಯಸ್ಸನ್ನು 55ರಿಂದ 58ಕ್ಕೆ ಏರಿಸಿತು. ಜನ ನಡುವೆ ನಡುವೆ ಹಣ ತೆಗೆದು ಖಾತೆಯನ್ನು ಬರಿದು ಮಾಡಿಕೊಳ್ಳುತ್ತಿದ್ದಾರೆ, ಮುಪ್ಪಿಗೆ ಏನೂ ಉಳಿಯುತ್ತಿಲ್ಲ ಎಂಬುದು ಸರ್ಕಾರದ ವಾದವಾಗಿತ್ತು.

ಅಧಿಸೂಚನೆಯಲ್ಲಿ ಇನ್ನೊಂದು ಸಾಲಿತ್ತು, ಅದನ್ನು ಗಮನಿಸಿದವರು ಕಡಿಮೆ. ಮದುವೆಯ ಸಲುವಾಗಿಯೋ ಬಸಿರು ಬಾಣಂತನದ ಕಾರಣಕ್ಕೋ ರಾಜೀನಾಮೆ ಕೊಡುವ ಮಹಿಳೆಯರು ಎರಡು ತಿಂಗಳು ಕಾಯಬೇಕಾಗಿಲ್ಲ ಎಂಬ ವಿನಾಯಿತಿ ಅದು. ಮಹಿಳೆ ಕೆಲಸ ಬಿಡುತ್ತಾಳೆ ಎಂಬುದು ಹಾಗಾದರೆ ಕಾನೂನಿಗೆ ತಿಳಿದಿತ್ತು. ಆದರೆ ಅವಳು ಬಿಡಲು ಮದುವೆ, ಹೆರಿಗೆಗಳ ಹೊರತು ಬೇರೆ ಕಾರಣವೂ ಇರಬಹುದು ಎಂಬುದು ಅದಕ್ಕೆ ಕಾಣಲಿಲ್ಲ. ನನ್ನ ಮಟ್ಟಿಗೆ ಇಡೀ ಪ್ರಕರಣದ ಬೀಗದ ಕೈ ಇರುವುದು ಈ ಸಾಲಿನಲ್ಲಿ.

ಮಹಿಳೆಯನ್ನು ಕಾನೂನು ನೋಡಿದ ಬಗೆ

ಈ ನೋಟಕ್ಕೆ ಒಂದು ಶತಮಾನಕ್ಕೂ ಮೀರಿದ ಇತಿಹಾಸವಿದೆ. 1891ರ ಕಾರ್ಖಾನೆ ಕಾಯ್ದೆ ಮಹಿಳೆಯರ ದುಡಿಮೆಯನ್ನು ದಿನಕ್ಕೆ 11 ಗಂಟೆಗೆ ಮಿತಿಗೊಳಿಸಿತು, ವಯಸ್ಕ ಗಂಡಸರಿಗೆ ಆಗ ಯಾವ ಮಿತಿಯೂ ಇರಲಿಲ್ಲ. ಮುಂದೆ ರಾತ್ರಿ ಪಾಳಿಯ ನಿರ್ಬಂಧ, ಹೆರಿಗೆ ಸೌಲಭ್ಯ, ಶಿಶುವಿಹಾರ ಒಂದೊಂದಾಗಿ ಬಂದವು. ಇವೆಲ್ಲ ಅಗತ್ಯವಾಗಿದ್ದವು ಮತ್ತು ಅವುಗಳಿಗಾಗಿ ಹೋರಾಡಿದವರ ಶ್ರಮ ದೊಡ್ಡದು. ಆದರೆ ಹೀಗೆ ಮಹಿಳೆಗಷ್ಟೇ ರಕ್ಷಣೆ ಕೊಟ್ಟಾಗ, ಆ ರಕ್ಷಣೆಯ ಖರ್ಚನ್ನು ಹೊರಲು ಒಲ್ಲದ ಮಾಲೀಕರು ಅವಳನ್ನೇ ಕೆಲಸದಿಂದ ಕೈಬಿಡುವ ದಾರಿ ಹಿಡಿದರು. ಮುಂಬಯಿಯ ಹತ್ತಿ ಗಿರಣಿಗಳಲ್ಲಿ 1920ರ ದಶಕದಲ್ಲಿ ಸುಮಾರು ಐದನೇ ಒಂದು ಭಾಗದಷ್ಟಿದ್ದ ಮಹಿಳೆಯರು ಮುಂದಿನ ಅರ್ಧ ಶತಮಾನದಲ್ಲಿ ಬೆರಳೆಣಿಕೆಗೆ ಇಳಿದರು. ನೂಲು ಸುತ್ತುವ ವಿಭಾಗಗಳಿಗೆ ಹೊಸ ಯಂತ್ರ ಬಂದಾಗಲೆಲ್ಲ ಮೊದಲು ಹೋದದ್ದು ಅವರ ಕೆಲಸ. ಗಣಿಗಳಲ್ಲಿಯೂ ಹೀಗೆಯೇ ಆಯಿತು. ನೆಲದಡಿಯ ಕೆಲಸದಿಂದ ಮಹಿಳೆಯರನ್ನು 1929ರ ನಿಯಮಗಳ ಪ್ರಕಾರ ಹಂತಹಂತವಾಗಿ 1939ರ ವೇಳೆಗೆ ಹೊರಗಿಡಲಾಯಿತು, ಯುದ್ಧಕ್ಕೆ ಕಲ್ಲಿದ್ದಲು ಬೇಕಾದಾಗ 1943ರಲ್ಲಿ ಆ ನಿಷೇಧವನ್ನು ಸಡಿಲಿಸಲಾಯಿತು, ಯುದ್ಧ ಮುಗಿದ ಮೇಲೆ 1946ರಲ್ಲಿ ಮತ್ತೆ ಬಿಗಿಗೊಳಿಸಲಾಯಿತು. ರಕ್ಷಣೆ ಯಾವಾಗ ಬೇಕು, ಯಾವಾಗ ಬೇಡ ಎಂಬ ತೀರ್ಮಾನದಲ್ಲಿ ಗಣಿಗೆ ಇಳಿಯುತ್ತಿದ್ದ ಮಹಿಳೆಯ ಮಾತಿಗೆ ಜಾಗವಿರಲಿಲ್ಲ.

ಬೆಂಗಳೂರಿನ ಕಥೆ ಇದಕ್ಕಿಂತ ಸ್ವಲ್ಪ ಬೇರೆ. 1884ರಲ್ಲಿ ಆರಂಭವಾಗಿ ಮುಂದೆ ಬಿನ್ನಿ ಮಿಲ್ ಎಂದೇ ಊರವರ ಬಾಯಲ್ಲಿ ಉಳಿದ ಗಿರಣಿಯಿಂದ ಹಿಡಿದು, 1940ರ ಎಚ್‌ಎಎಲ್, 1948ರ ಐಟಿಐ, 1953ರ ಎಚ್‌ಎಂಟಿ, 1954ರ ಬಿಇಎಲ್‌ವರೆಗೆ ನಗರದ ಕೈಗಾರಿಕೆ ಬಹುಮಟ್ಟಿಗೆ ಗಂಡಸರದ್ದೇ ಆಗಿತ್ತು. 1960ರ ದಶಕದಲ್ಲಿ ಜಾಲಹಳ್ಳಿಯ ಎಚ್‌ಎಂಟಿ ಕೈಗಡಿಯಾರ ಕಾರ್ಖಾನೆಯಲ್ಲಿ ಸಣ್ಣ ಭಾಗಗಳನ್ನು ಜೋಡಿಸುವ ಕೆಲಸಕ್ಕೆ ಮಹಿಳೆಯರನ್ನು ತೆಗೆದುಕೊಂಡರು. ಅವರಿಗೆ ಕಾಯಂ ಕೆಲಸ, ಕಂಪನಿ ಬಸ್ಸು, ಕ್ಯಾಂಟೀನು, ನಿವೃತ್ತಿಯವರೆಗಿನ ಭವಿಷ್ಯ ನಿಧಿ ಎಲ್ಲವೂ ಇದ್ದವು. 1952ರ ಕಾನೂನು ಕಲ್ಪಿಸಿಕೊಂಡ ಕಾರ್ಮಿಕ ಬದುಕು ಹೆಣ್ಣುಮಕ್ಕಳ ಪಾಲಿಗೆ ನಿಜವಾದ ಕೆಲವೇ ಜಾಗಗಳಲ್ಲಿ ಅದೂ ಒಂದು. ಆ ಕೈಗಡಿಯಾರ ಕಂಪನಿಯನ್ನು ಮುಚ್ಚಲು ಕೇಂದ್ರ ಸಂಪುಟ ಸಮಿತಿ ಒಪ್ಪಿಗೆ ಕೊಟ್ಟದ್ದು 2016ರ ಜನವರಿಯಲ್ಲಿ. ಮೂರು ತಿಂಗಳ ನಂತರ, ಅದೇ ಜಾಲಹಳ್ಳಿ ಕ್ರಾಸಿನಲ್ಲಿ, ಆ ಬಗೆಯ ಕೆಲಸವನ್ನು ಎಂದೂ ಕಾಣದ ಮಹಿಳೆಯರು ರಸ್ತೆಯಲ್ಲಿ ನಿಂತಿದ್ದರು.

ಒಂದು ಲೈನಿನ ದಿನಚರಿ

ಬೆಂಗಳೂರಿನಲ್ಲಿ ರಫ್ತಿಗೆ ಬಟ್ಟೆ ಹೊಲಿಯುವ ಕಾರ್ಖಾನೆಗಳು 1970ರ ದಶಕದಲ್ಲಿ ತಲೆ ಎತ್ತಿದಾಗ ಯಂತ್ರದ ಮುಂದೆ ಹೆಚ್ಚಾಗಿ ಕುಳಿತಿದ್ದವರು ಗಂಡಸು ದರ್ಜಿಗಳು, ಅವರಲ್ಲಿ ಒಬ್ಬೊಬ್ಬರೂ ಇಡೀ ಅಂಗಿಯನ್ನು ಹೊಲಿಯಬಲ್ಲವರು. ಆಮೇಲೆ ‘ಲೈನ್’ ಬಂತು. ಅಂಗಿಯನ್ನು ಹತ್ತಾರು ಸಣ್ಣ ಕೆಲಸಗಳಾಗಿ ಒಡೆದು, ಒಬ್ಬರಿಗೆ ಕಾಲರ್, ಇನ್ನೊಬ್ಬರಿಗೆ ತೋಳು, ಮತ್ತೊಬ್ಬರಿಗೆ ಜೇಬು ಎಂದು ಹಂಚಿದ ಮೇಲೆ ದರ್ಜಿಯ ಪೂರ್ಣ ಕಸುಬು ಬೇಡವಾಯಿತು. ಕೆಲವೇ ವಾರಗಳಲ್ಲಿ ಕಲಿಯಬಹುದಾದ ಒಂದೇ ಹೊಲಿಗೆಯನ್ನು ದಿನವಿಡೀ ಹೊಲಿಯುವವರು ಸಾಕಾದರು. ಆ ಜಾಗಕ್ಕೆ ಮಂಡ್ಯ, ರಾಮನಗರ, ಕನಕಪುರ, ತುಮಕೂರು, ಕೋಲಾರದ ಕಡೆಯಿಂದ ಬಂದ ಹೆಣ್ಣುಮಕ್ಕಳು ಸೇರಿಕೊಂಡರು. ಮಳೆ ಕೈಕೊಟ್ಟ ಹೊಲ, ತೀರದ ಸಾಲ, ಮದುವೆಯಾಗಿ ನಗರಕ್ಕೆ ಬಂದ ಮೇಲೆ ಗಂಡನ ಒಬ್ಬನ ದುಡಿಮೆ ಸಾಲದಾದದ್ದು, ಹೀಗೆ ಒಬ್ಬೊಬ್ಬರನ್ನು ತಂದ ಕಾರಣ ಒಂದೊಂದು. 2016ರ ವೇಳೆಗೆ ನಗರ ಮತ್ತು ಸುತ್ತಮುತ್ತಲ ಸುಮಾರು 1,200 ಕಾರ್ಖಾನೆಗಳಲ್ಲಿ ನಾಲ್ಕೈದು ಲಕ್ಷ ಮಂದಿ ದುಡಿಯುತ್ತಿದ್ದಾರೆಂಬ ಅಂದಾಜು ಸಾಮಾನ್ಯವಾಗಿ ಬಳಕೆಯಲ್ಲಿತ್ತು, ಅವರಲ್ಲಿ ಬಹುಪಾಲು ಮಹಿಳೆಯರು.

‘ಗಾರ್ಮೆಂಟ್ಸಿಗೆ ಹೋಗ್ತೀನಿ’ ಎಂಬ ಎರಡು ಪದಗಳಲ್ಲಿ ಒಂದು ಇಡೀ ದಿನಚರಿ ಅಡಗಿದೆ. ನಸುಕಿಗೆ ಎದ್ದು ನೀರು ಹಿಡಿದು, ಬೆಳಗಿನ ತಿಂಡಿಯನ್ನೂ ಮಧ್ಯಾಹ್ನದ ಡಬ್ಬಿಯನ್ನೂ ಒಟ್ಟಿಗೇ ಮುಗಿಸಿ, ಮಕ್ಕಳನ್ನು ಪಕ್ಕದ ಮನೆಗೋ ಅತ್ತೆಗೋ ಒಪ್ಪಿಸಿ ಹೊರಡಬೇಕು. ತಡವಾಗಿ ಹೋದರೆ ಗೇಟಿನಲ್ಲಿ ನಿಲ್ಲಬೇಕು, ಇಲ್ಲವೆ ಸಂಬಳ ಕಡಿತವಾಗುತ್ತದೆ. ಒಳಗೆ ಲೈನಿನ ತುದಿಯ ಹಲಗೆಯ ಮೇಲೆ ಗಂಟೆಗೆ ಎಷ್ಟು ಪೀಸ್ ಆಗಬೇಕು, ಎಷ್ಟಾಗಿದೆ ಎಂದು ಸುಣ್ಣದಕಡ್ಡಿಯಲ್ಲೋ ಮಾರ್ಕರಿನಲ್ಲೋ ಬರೆದಿರುತ್ತಾರೆ. ಮುಂದಿನವಳು ನಿಧಾನಿಸಿದರೆ ಹಿಂದಿನವಳ ಮುಂದೆ ಬಟ್ಟೆ ಗುಡ್ಡೆಯಾಗುತ್ತದೆ, ಗುಡ್ಡೆಯಾದರೆ ಸೂಪರ್‌ವೈಸರ್ ಬರುತ್ತಾನೆ. ಶೌಚಾಲಯಕ್ಕೆ ಎದ್ದು ಹೋಗಲು ಹಿಂಜರಿದು ನೀರನ್ನೇ ಕಡಿಮೆ ಕುಡಿಯುವವರು ಬಹಳ. ಬೆನ್ನು, ಕುತ್ತಿಗೆ, ಕಣ್ಣು, ಬಟ್ಟೆಯ ಧೂಳು ಸೇರುವ ಎದೆ ಎಲ್ಲವೂ ಹತ್ತು ಹದಿನೈದು ವರ್ಷದಲ್ಲಿ ಮಾತಾಡಲು ಶುರುಮಾಡುತ್ತವೆ.

ಹೀಗೆ ದುಡಿಯುವವರು ನಲವತ್ತು, ನಲವತ್ತೈದು ದಾಟಿದ ಮೇಲೂ ಅದೇ ವೇಗದಲ್ಲಿ ಪೀಸ್ ಕೊಡುವುದು ಕಷ್ಟ. ಕಾರ್ಖಾನೆಗಳಿಗೂ ಎಳೆಯ ಕೈಗಳೇ ಬೇಕು. ಆದ್ದರಿಂದ 58ನೇ ವಯಸ್ಸು ಎಂಬುದು ಯಂತ್ರದ ಮುಂದೆ ಕುಳಿತವಳಿಗೆ ದೂರದ ದಿನವಾಗಿರಲಿಲ್ಲ, ಬರಲಾರದ ದಿನವಾಗಿತ್ತು. ಅಲ್ಲಿಯವರೆಗೆ ಕಾಯಿರಿ ಎಂದರೆ ಅವಳ ಕಿವಿಗೆ ಕೇಳಿಸುವುದು ಕೊಡುವುದಿಲ್ಲ ಎಂದೇ.

ಸಂಬಳದ ಚೀಟಿಯ ಲೆಕ್ಕ

ಈಗ ಲೆಕ್ಕವನ್ನೇ ನೋಡೋಣ. ಆ ವರ್ಷಗಳಲ್ಲಿ ಬೆಂಗಳೂರಿನ ಗಾರ್ಮೆಂಟ್ಸ್ ಕನಿಷ್ಠ ವೇತನ ತಿಂಗಳಿಗೆ 7,000 ರೂಪಾಯಿಯ ಆಸುಪಾಸಿನಲ್ಲಿತ್ತು. ಲೆಕ್ಕಕ್ಕೆ ಅನುಕೂಲವಾಗಲೆಂದು ಸರಿಯಾಗಿ 7,000 ಎಂದೇ ಇಟ್ಟುಕೊಂಡರೆ, ನೌಕರಳ ಪಾಲು ತಿಂಗಳಿಗೆ 840 ರೂಪಾಯಿ. ಮಾಲೀಕರ ಪಾಲಿನಲ್ಲಿ ಪಿಂಚಣಿಗೆ 583 ಹೋಗಿ, ಭವಿಷ್ಯ ನಿಧಿಗೆ ಬರುವುದು 257. ಐದು ವರ್ಷ ದುಡಿದವಳ ಖಾತೆಯಲ್ಲಿ ಬಡ್ಡಿ ಬಿಟ್ಟು ಅವಳದು 50,400, ಮಾಲೀಕರದು 15,420. ಅಧಿಸೂಚನೆ ತಡೆಹಿಡಿಯಲು ಹೊರಟದ್ದು ಈ 15,420ನ್ನು. ಅಂದರೆ ಎರಡು ತಿಂಗಳ ಸಂಬಳಕ್ಕಿಂತ ತುಸು ಹೆಚ್ಚು.

ಇಷ್ಟು ಸಣ್ಣ ಮೊತ್ತಕ್ಕೆ ನಗರವನ್ನೇ ನಿಲ್ಲಿಸಬೇಕಿತ್ತೇ ಎಂದು ಅಂದು ಕೇಳಿದವರಿದ್ದರು. ಮಹಿಳೆಯರಿಗೆ ಅಧಿಸೂಚನೆ ಅರ್ಥವಾಗಿಲ್ಲ, ಇಡೀ ಹಣ ಹೋಯಿತೆಂಬ ಗಾಳಿಸುದ್ದಿಯನ್ನು ನಂಬಿ ರಸ್ತೆಗೆ ಬಂದಿದ್ದಾರೆ ಎಂಬ ವಿವರಣೆಯೂ ಕೇಳಿಬಂತು. ಗೊಂದಲವಿದ್ದದ್ದು ನಿಜ, ಪಿ.ಎಫ್. ಪೂರ್ತಿಯಾಗಿ 58ರವರೆಗೆ ಸಿಗುವುದಿಲ್ಲವೆಂದೇ ಅನೇಕರು ತಿಳಿದಿದ್ದರು. ಆದರೆ ಆ ಗೊಂದಲಕ್ಕೆ ಕಾರಣವನ್ನು ಅವರ ಅರಿವಿನ ಕೊರತೆಯಲ್ಲಿ ಹುಡುಕುವುದು ಸರಿಯಲ್ಲ. ಅದೇ ಫೆಬ್ರುವರಿ 29ರ ಕೇಂದ್ರ ಬಜೆಟ್ಟಿನಲ್ಲಿ ಭವಿಷ್ಯ ನಿಧಿಯಿಂದ ಹಿಂಪಡೆಯುವ ಹಣದ ಶೇ 60ರ ಮೇಲೆ ತೆರಿಗೆ ಹಾಕುವ ಪ್ರಸ್ತಾವ ಬಂದಿತ್ತು, ದೇಶದಾದ್ಯಂತ ವಿರೋಧ ಎದ್ದ ಮೇಲೆ ಮಾರ್ಚ್ 8ರಂದು ಅದನ್ನು ಕೈಬಿಡಲಾಯಿತು. ಎರಡು ತಿಂಗಳಲ್ಲಿ ಎರಡು ಸಲ ಒಂದೇ ಹಣದ ಮೇಲೆ ಕೈ ಬಂದಾಗ ಮೂರನೆಯ ಸಲ ಇಡೀ ಗಂಟೇ ಹೋದೀತೆಂದು ಹೆದರುವುದಕ್ಕೆ ಗಾಳಿಸುದ್ದಿ ಬೇಕಿಲ್ಲ. ಅಧಿಸೂಚನೆ ಯಾರಿಗೆ ಅನ್ವಯಿಸುತ್ತದೆಯೋ ಅವರಿಗೆ ಅವರ ಭಾಷೆಯಲ್ಲಿ, ಅವರ ಸಂಬಳದ ಚೀಟಿಯ ಅಂಕಿಗಳಲ್ಲಿ ವಿವರಿಸುವ ಹೊಣೆ ಹೊರಡಿಸಿದವರದ್ದಾಗಿತ್ತು.

ಅಲ್ಲದೆ 15,420 ಸಣ್ಣ ಮೊತ್ತವೆಂಬುದೇ ತಪ್ಪು ಲೆಕ್ಕ. ಆ ಸಂಬಳದಲ್ಲಿ ಬಾಡಿಗೆ, ರೇಷನ್, ಬಸ್ಸಿನ ಚಾರ್ಜು ಕಳೆದರೆ ತಿಂಗಳ ಕೊನೆಗೆ ಏನೂ ಉಳಿಯುವುದಿಲ್ಲ. ಏನಾದರೂ ಒಟ್ಟಿಗೆ ಖರ್ಚು ಬಂದರೆ ಕೈಸಾಲ, ಸಂಘದ ಸಾಲ, ಮೀಟರ್ ಬಡ್ಡಿ, ಅಡವಿಟ್ಟ ಓಲೆ ಇವೇ ಗತಿ. ಇವುಗಳ ನಡುವೆ ಪಿ.ಎಫ್. ಒಂದೇ ಅವಳ ಹೆಸರಿನಲ್ಲಿ, ಗಂಡನ ಕೈಗೂ ಮನೆಯವರ ಕಣ್ಣಿಗೂ ದಿನನಿತ್ಯ ಸಿಗದಂತೆ, ಅವಳಿಗೇ ಗೊತ್ತಿಲ್ಲದ ಹಾಗೆ ಬೆಳೆಯುತ್ತಿದ್ದ ಗಂಟು. ನಾಲ್ಕೈದು ವರ್ಷಕ್ಕೊಮ್ಮೆ ಕೆಲಸ ಬಿಟ್ಟು, ‘ಸೆಟ್ಲ್‌ಮೆಂಟ್’ ತೆಗೆದುಕೊಂಡು, ಎರಡು ತಿಂಗಳು ಊರಿನಲ್ಲಿದ್ದು ಬಂದು ಪಕ್ಕದ ಕಾರ್ಖಾನೆಗೆ ಸೇರುವುದು ಈ ಉದ್ಯಮದಲ್ಲಿ ರೂಢಿಯಾಗಿತ್ತು. ಆ ಹಣದಿಂದ ಅಡವಿಟ್ಟ ಒಡವೆ ಬಿಡಿಸುತ್ತಿದ್ದರು, ಭೋಗ್ಯದ ಮನೆಗೆ ಮುಂಗಡ ಕೊಡುತ್ತಿದ್ದರು, ಮಗಳನ್ನು ಕಾಲೇಜಿಗೆ ಸೇರಿಸುತ್ತಿದ್ದರು. ಪ್ರತಿಭಟನೆ ಏಪ್ರಿಲ್‌ನಲ್ಲಿ ನಡೆದದ್ದನ್ನೂ ನಾನು ಈ ಹಿನ್ನೆಲೆಯಲ್ಲಿಯೇ ಓದುತ್ತೇನೆ. ಜೂನ್‌ನಲ್ಲಿ ಶಾಲೆಗಳು ತೆರೆಯುತ್ತವೆ, ಶುಲ್ಕ, ಪುಸ್ತಕ, ಸಮವಸ್ತ್ರಕ್ಕೆ ಹಣ ಹೊಂದಿಸುವ ಚಿಂತೆ ಪ್ರತಿ ಮನೆಗೂ ಏಪ್ರಿಲ್‌ನಲ್ಲೇ ಹುಟ್ಟುತ್ತದೆ. ಆಗಲೇ ಕೆಲಸ ಬಿಡಬೇಕೆಂದು ಲೆಕ್ಕ ಹಾಕಿದ್ದವರಿಗೆ ಆ ಸುದ್ದಿ ಹೇಗೆ ತಟ್ಟಿರಬೇಕು ಎಂದು ಊಹಿಸಬಹುದು.

ಸರ್ಕಾರ ‘ನಡುವೆ ಹಣ ತೆಗೆಯುವ ಚಟ’ವೆಂದು ಕಂಡದ್ದನ್ನು ಹೀಗೆ ಇನ್ನೊಂದು ಬದಿಯಿಂದ ನೋಡಿದರೆ, ಮುಪ್ಪಿಗೆಂದು ರೂಪಿಸಿದ ಯೋಜನೆಯನ್ನು ಮಹಿಳೆಯರು ತಮ್ಮ ಬದುಕಿನ ನಿಜವಾದ ತಿರುವುಗಳಿಗೆ ಒಗ್ಗಿಸಿಕೊಂಡ ಜಾಣ್ಮೆ ಕಾಣುತ್ತದೆ. ಕಡಿಮೆ ಸಂಬಳ ಬಿಟ್ಟುಹೋದ ಕಂದಕವನ್ನು ಅವರು ತಮ್ಮದೇ ಉಳಿತಾಯದಿಂದ ಮುಚ್ಚಿಕೊಳ್ಳುತ್ತಿದ್ದರು. ಇದರಿಂದ ನಷ್ಟವಾಗಲಿಲ್ಲವೆಂದು ನಾನು ಹೇಳುವುದಿಲ್ಲ. ಐದು ವರ್ಷ ತುಂಬುವ ಮೊದಲೇ ಬಿಟ್ಟವರು ಗ್ರಾಚ್ಯುಯಿಟಿ ಕಳೆದುಕೊಂಡರು, ಪ್ರತಿ ಸಲ ಹೊಸ ಕಾರ್ಖಾನೆಗೆ ಹೋದಾಗ ಹಿರಿತನ ಸೊನ್ನೆಯಿಂದ ಶುರುವಾಯಿತು, ಮುಪ್ಪಿಗೆ ನಿಜವಾಗಿಯೂ ಏನೂ ಉಳಿಯಲಿಲ್ಲ. ಇವು ಗಂಭೀರ ಸಂಗತಿಗಳು, ಸರ್ಕಾರ ಎತ್ತಿದ ಪ್ರಶ್ನೆ ಸುಳ್ಳಲ್ಲ. ಆದರೆ ಅದಕ್ಕೆ ಉತ್ತರ ಇದ್ದದ್ದು ಸಂಬಳವನ್ನು ಹೆಚ್ಚಿಸುವುದರಲ್ಲಿ, ನಲವತ್ತೈದರ ನಂತರವೂ ಕೆಲಸ ಉಳಿಯುವಂತೆ ಮಾಡುವುದರಲ್ಲಿ. ಹಣದ ಪೆಟ್ಟಿಗೆಗೆ ಬೀಗ ಹಾಕಿ ಕೀಲಿಯನ್ನು ಮೂವತ್ತು ವರ್ಷದ ಆಚೆ ಇಟ್ಟರೆ ಆ ಪ್ರಶ್ನೆ ಹಾಗೆಯೇ ಉಳಿಯುತ್ತದೆ.

ಕಾನೂನುಬದ್ಧವಾಗಿ ಸಿಗಬೇಕಾದ ಹಣವೂ ಸುಲಭವಾಗಿ ಸಿಗುತ್ತಿರಲಿಲ್ಲ ಎಂಬುದನ್ನು ಇಲ್ಲಿ ಸೇರಿಸಬೇಕು. ಕಾರ್ಖಾನೆಯ ದಾಖಲೆಯಲ್ಲಿ ‘ಲಕ್ಷ್ಮಿ’, ಬ್ಯಾಂಕಿನಲ್ಲಿ ‘ಲಕ್ಷ್ಮಮ್ಮ’, ಒಂದರಲ್ಲಿ ತಂದೆಯ ಹೆಸರು, ಇನ್ನೊಂದರಲ್ಲಿ ಗಂಡನ ಹೆಸರು. ಇಂಥ ಒಂದಕ್ಷರದ ವ್ಯತ್ಯಾಸಕ್ಕೂ ಅರ್ಜಿ ಹಿಂದಿರುಗುತ್ತಿತ್ತು. ಸಹಿ ಹಾಕಿಕೊಡಬೇಕಾದ ಕಾರ್ಖಾನೆ ಅಷ್ಟರಲ್ಲಿ ಮುಚ್ಚಿರುತ್ತಿತ್ತು, ಇಲ್ಲವೆ ಬೇರೆ ಹೆಸರಿನಲ್ಲಿ ಬೇರೆಡೆ ತೆರೆದಿರುತ್ತಿತ್ತು. ಪಿ.ಎಫ್. ಕಚೇರಿಗೆ ಒಂದು ದಿನ ಹೋಗಿಬರುವುದೆಂದರೆ ಒಂದು ದಿನದ ಸಂಬಳ ಹೋದಂತೆ. ಇಷ್ಟು ಕಾದು, ಅಲೆದು ಪಡೆಯುತ್ತಿದ್ದ ಹಣದ ಮೇಲೆಯೇ ಹೊಸ ನಿಯಮ ಬಂದು ಕುಳಿತದ್ದು.

ರಸ್ತೆಯ ಎರಡು ದಿನ

ಬೆಂಗಳೂರು ಇದಕ್ಕೂ ಮೊದಲು ದೊಡ್ಡ ಮುಷ್ಕರವನ್ನು ಕಂಡಿತ್ತು. 1980ರ ಡಿಸೆಂಬರ್‌ನಿಂದ 1981ರ ಮಾರ್ಚ್‌ವರೆಗೆ ಸಾರ್ವಜನಿಕ ರಂಗದ ಕಾರ್ಖಾನೆಗಳ ನೌಕರರು 77 ದಿನ ಕೆಲಸ ನಿಲ್ಲಿಸಿದ್ದರು. ಅದಕ್ಕೆ ಬಲವಾದ ಸಂಘಗಳಿದ್ದವು, ಜಂಟಿ ಸಮಿತಿ ಇತ್ತು, ಕಾಲೊನಿಗಳ ಬೆಂಬಲವಿತ್ತು. ಗಾರ್ಮೆಂಟ್ಸ್ ಮಹಿಳೆಯರಿಗೆ ಇವಾವುವೂ ಆ ಪ್ರಮಾಣದಲ್ಲಿ ಇರಲಿಲ್ಲ. ಗಾರ್ಮೆಂಟ್ ಅಂಡ್ ಟೆಕ್ಸ್‌ಟೈಲ್ ವರ್ಕರ್ಸ್ ಯೂನಿಯನ್, ಗಾರ್ಮೆಂಟ್ ಲೇಬರ್ ಯೂನಿಯನ್ ಮೊದಲಾದ ಸಂಘಗಳು ವರ್ಷಗಳಿಂದ ದುಡಿಯುತ್ತಿದ್ದರೂ ಒಟ್ಟು ಕಾರ್ಮಿಕರಲ್ಲಿ ಸದಸ್ಯರಾದವರು ಅಲ್ಪ. ಸಂಘ ಸೇರಿದರೆ ಕೆಲಸ ಹೋದೀತೆಂಬ ಅಂಜಿಕೆ ಒಂದೆಡೆ, ಸಂಜೆಯ ಸಭೆಗೆ ನಿಲ್ಲಲು ಬಿಡದ ಮನೆಯ ಒಲೆ ಇನ್ನೊಂದೆಡೆ. ಸಂಘಗಳೂ ಈ ಏಪ್ರಿಲ್‌ನಲ್ಲಿ ಮಹಿಳೆಯರ ಹಿಂದೆ ಓಡಿ ಬಂದವು.

ಹಾಗಿದ್ದರೂ ಸುದ್ದಿ ಅಷ್ಟು ಬೇಗ ಹೇಗೆ ಹರಡಿತು? ಪತ್ರಿಕೆಯ ವರದಿ, ಮೊಬೈಲು, ಊಟದ ಅರ್ಧ ಗಂಟೆಯ ಮಾತು, ಒಂದೇ ವಠಾರದಲ್ಲಿದ್ದು ಬೇರೆ ಬೇರೆ ಕಾರ್ಖಾನೆಗೆ ಹೋಗುವ ಅಕ್ಕಪಕ್ಕದವರು, ಎಲ್ಲವೂ ಸೇರಿ ಹರಡಿತು. ನಾಲ್ಕೈದು ವರ್ಷಕ್ಕೊಮ್ಮೆ ಕಾರ್ಖಾನೆ ಬದಲಿಸುತ್ತಿದ್ದ ಅದೇ ರೂಢಿಯಿಂದಾಗಿ ಒಬ್ಬೊಬ್ಬರಿಗೂ ಮೂರು ನಾಲ್ಕು ಕಾರ್ಖಾನೆಗಳಲ್ಲಿ ಪರಿಚಯದವರಿದ್ದರು. ನಿಯಮ ತಡೆಯಲು ಹೊರಟ ಆ ಓಡಾಟವೇ ನಿಯಮದ ವಿರುದ್ಧ ಎದ್ದವರನ್ನು ಬೆಸೆದಿತ್ತು ಎಂದು ನನಗೆ ಅನಿಸುತ್ತದೆ.

ಎರಡನೆಯ ದಿನ ಹಿಂಸೆ ನಡೆಯಿತು. ಬಸ್ಸುಗಳು ಸುಟ್ಟವು, ಹೆಬ್ಬಗೋಡಿ ಪೊಲೀಸ್ ಠಾಣೆಯ ಮೇಲೆ ಕಲ್ಲು ಬಿತ್ತು, ಅಲ್ಲಿ ನಿಲ್ಲಿಸಿದ್ದ ವಾಹನಗಳಿಗೆ ಬೆಂಕಿ ಬಿತ್ತು. ಪೊಲೀಸರು ಲಾಠಿ ಬೀಸಿದರು, ಅಶ್ರುವಾಯು ಸಿಡಿಸಿದರು. ಬೆಂಕಿ ಹಚ್ಚಿದ್ದು ತಾವಲ್ಲ, ಹೊರಗಿನಿಂದ ಬಂದ ಗಂಡಸರು ಎಂದು ಮಹಿಳೆಯರು ಮತ್ತೆ ಮತ್ತೆ ಹೇಳಿದರು. ಲಾಠಿಯ ಏಟು ಮಾತ್ರ ಅವರಿಗೂ ಬಿತ್ತು. ಪ್ರಕರಣಗಳು ದಾಖಲಾದವು, ಬಂಧನಗಳಾದವು. ಅಧಿಸೂಚನೆ ರದ್ದಾದ ಸುದ್ದಿ ಸಂಜೆ ಬಂದ ಮೇಲೆ ರಸ್ತೆಗಳು ತೆರವಾದವು, ಮಹಿಳೆಯರು ಯಂತ್ರದ ಮುಂದಕ್ಕೆ ಮರಳಿದರು.

ಬೆಂಗಳೂರಿನ ಈ ಮಹಿಳೆಯರು ಗೆದ್ದುಕೊಟ್ಟದ್ದು ತಮಗೆ ಮಾತ್ರವಲ್ಲ ಎಂಬುದನ್ನು ಯಾರೂ ಅಷ್ಟಾಗಿ ಹೇಳಲಿಲ್ಲ. ಅಧಿಸೂಚನೆ ಇಡೀ ದೇಶದ ಭವಿಷ್ಯ ನಿಧಿ ಸದಸ್ಯರಿಗೆ ಅನ್ವಯವಾಗುತ್ತಿತ್ತು. ಹೊಸೂರು ರಸ್ತೆಯಲ್ಲಿ ಆ ದಿನ ವಾಹನಗಳಲ್ಲಿ ಸಿಕ್ಕಿಕೊಂಡು ಗೊಣಗಿದ ಕಚೇರಿ ನೌಕರರ ಖಾತೆಗಳೂ ಅದರಲ್ಲಿ ಸೇರಿದ್ದವು.

ಆಮೇಲೆ

ಎರಡು ತಿಂಗಳ ನಂತರ, 2016ರ ಜೂನ್ 22ರಂದು, ಕೇಂದ್ರ ಸಂಪುಟ ಜವಳಿ ಮತ್ತು ಸಿದ್ಧ ಉಡುಪು ಉದ್ಯಮಕ್ಕೆ 6,000 ಕೋಟಿ ರೂಪಾಯಿಯ ವಿಶೇಷ ಪ್ಯಾಕೇಜ್ ಒಪ್ಪಿತು. ತಿಂಗಳಿಗೆ 15,000 ರೂಪಾಯಿಗಿಂತ ಕಡಿಮೆ ಸಂಬಳದ ಹೊಸ ನೌಕರರಿಗೆ ಮಾಲೀಕರು ಕಟ್ಟಬೇಕಾದ ಶೇ 12ನ್ನು ಮೊದಲ ಮೂರು ವರ್ಷ ಸರ್ಕಾರವೇ ಭರಿಸುವುದು, ಅಷ್ಟು ಸಂಬಳದವರಿಗೆ ಭವಿಷ್ಯ ನಿಧಿಯನ್ನು ಐಚ್ಛಿಕಗೊಳಿಸುವುದು, ಓಟಿಯ ಮಿತಿಯನ್ನು ವಾರಕ್ಕೆ ಎಂಟು ಗಂಟೆಗೆ ಏರಿಸುವುದು, ನಿಗದಿತ ಅವಧಿಯ ನೇಮಕಾತಿಗೆ ಅವಕಾಶ ಕೊಡುವುದು ಅದರಲ್ಲಿದ್ದವು. ಫೆಬ್ರುವರಿಯಲ್ಲಿ ಇದೇ ಮಹಿಳೆಯರ ಮುಪ್ಪಿನ ಚಿಂತೆಯಿಂದ ಮಾಲೀಕರ ಪಾಲನ್ನು 58ರವರೆಗೆ ಕಾಯ್ದಿಡಬೇಕೆಂದ ಸರ್ಕಾರ, ಜೂನ್‌ನಲ್ಲಿ ನಿಧಿಯೇ ಬೇಕಿದ್ದರೆ ಇರಲಿ, ಬೇಡದಿದ್ದರೆ ಬಿಡಲಿ ಎಂದಿತು. ಈ ಎರಡು ನಿಲುವುಗಳನ್ನು ಪಕ್ಕಪಕ್ಕ ಇಟ್ಟಾಗ ಮುಪ್ಪಿನ ಭದ್ರತೆಯ ವಾದ ಎಷ್ಟು ಗಟ್ಟಿಯಾಗಿತ್ತು ಎಂಬ ಸಂದೇಹ ನನಗೆ ಹೋಗಿಲ್ಲ.

ಕಾರ್ಖಾನೆಗಳು ನಗರದಿಂದ ಹೊರಗೆ ಸರಿಯುವುದು ಮುಂದುವರಿಯಿತು. ಕನಿಷ್ಠ ವೇತನ ಕಡಿಮೆ ನಿಗದಿಯಾಗಿರುವ, ಹೆಣ್ಣುಮಕ್ಕಳು ಮನೆಯಿಂದಲೇ ಬಂದುಹೋಗುವ ಊರುಗಳಲ್ಲಿ ಹೊಸ ಘಟಕಗಳು ತೆರೆದವು. ನಗರದೊಳಗಿನವುಗಳಿಗೆ ಒಡಿಶಾ, ಜಾರ್ಖಂಡ್ ಕಡೆಯ ಎಳೆಯ ಯುವತಿಯರನ್ನು ಕರೆತಂದು ಹಾಸ್ಟೆಲ್ಲುಗಳಲ್ಲಿ ಇರಿಸುವುದು ಹೆಚ್ಚಾಯಿತು. ವಠಾರದ ಅಕ್ಕಪಕ್ಕದ ಮಾತು, ಮೂರು ನಾಲ್ಕು ಕಾರ್ಖಾನೆಯ ಪರಿಚಯ ಅಂಥವರಿಗೆ ಇರುವುದಿಲ್ಲ.

2025ರ ಅಕ್ಟೋಬರ್ 13ರಂದು ಭವಿಷ್ಯ ನಿಧಿಯ ಕೇಂದ್ರ ಮಂಡಳಿ ಹಣ ಹಿಂಪಡೆಯುವ ನಿಯಮಗಳನ್ನು ಮತ್ತೆ ಬದಲಿಸುವ ತೀರ್ಮಾನ ಕೈಗೊಂಡಿತು. ಭಾಗಶಃ ಹಿಂಪಡೆಯುವುದನ್ನು ಈ ಸಲ ಸುಲಭಗೊಳಿಸಲಾಗಿದೆ ಮತ್ತು ಮಾಲೀಕರ ಪಾಲೂ ಅದರಲ್ಲಿ ಸೇರಿದೆ, ಇದು 2016ಕ್ಕಿಂತ ಉತ್ತಮ. ಆದರೆ ಖಾತೆಯ ಶೇ 25ರಷ್ಟು ಉಳಿದಿರಲೇಬೇಕು, ಕೆಲಸ ಬಿಟ್ಟವರು ಪೂರ್ಣ ಮೊತ್ತಕ್ಕೆ ಎರಡು ತಿಂಗಳ ಬದಲು 12 ತಿಂಗಳು, ಪಿಂಚಣಿ ಮೊತ್ತಕ್ಕೆ 36 ತಿಂಗಳು ಕಾಯಬೇಕು ಎಂಬುದೂ ಅದೇ ತೀರ್ಮಾನದಲ್ಲಿದೆ. ಮೇಲೆ ಲೆಕ್ಕ ಹಾಕಿದ ಐದು ವರ್ಷದ ಖಾತೆಗೇ ಇದನ್ನು ಅನ್ವಯಿಸಿದರೆ, ಬಡ್ಡಿ ಬಿಟ್ಟು 65,820 ರೂಪಾಯಿಯಲ್ಲಿ 49,365 ತಕ್ಷಣ ಸಿಗುತ್ತದೆ, 16,455 ನಿಲ್ಲುತ್ತದೆ. 2016ರಲ್ಲಿ ನಿಲ್ಲಬೇಕಿದ್ದ 15,420ಕ್ಕಿಂತ ಇದು ಸಾವಿರ ರೂಪಾಯಿಯಷ್ಟು ಹೆಚ್ಚು, ಕಾಯುವುದು ಮಾತ್ರ 58ನೇ ವಯಸ್ಸಿನವರೆಗಲ್ಲ, ಒಂದು ವರ್ಷ. ಮಗಳ ಕಾಲೇಜಿನ ಶುಲ್ಕಕ್ಕೆಂದು ಏಪ್ರಿಲ್‌ನಲ್ಲಿ ಕೆಲಸ ಬಿಡುವವಳಿಗೆ ಆ 16,455 ಕೈಗೆ ಬರುವುದು ಮುಂದಿನ ಏಪ್ರಿಲ್‌ಗೆ, ಅದೂ ಅಲ್ಲಿಯವರೆಗೆ ಅವಳು ಬೇರೆ ಯಾವ ಕಾರ್ಖಾನೆಯ ಲೈನಿಗೂ ಸೇರದೆ ಮನೆಯಲ್ಲೇ ಇದ್ದರೆ.